ಅಲಂಗ್‌ನ ಕಡಲ ದಂಡೆಯಲ್ಲಿ ಒಂದು ದಿನ

ಗುಜರಾತಿನ ಭಾವನಗರದಿಂದ, ಹಳೇ ಹಡಗುಗಳನ್ನು ಒಡೆಯುವ ಅಲಂಗ್‌ಗೆ ಸುಮಾರು 50 ಕಿಲೋಮೀಟರ್. ತ್ರಾಪಜ್ ದಾಟಿದ ಮೇಲೆ ರಸ್ತೆಯ ಎರಡೂ ಕಡೆ ಹಡಗಿನ ಸಾಮಾನಿನ ಅಂಗಡಿಗಳೇ. ಮಂಚ, ಸೋಫಾ, ಪಿಂಗಾಣಿ ತಟ್ಟೆ, ಕಿತ್ತಳೆ ಬಣ್ಣದ ಲೈಫ್ ಜಾಕೆಟ್.

ಹಡಗು ಒಡೆಯುವ ಪ್ಲಾಟುಗಳೊಳಗೆ ಅನುಮತಿ ಇಲ್ಲದೆ ಬಿಡುವುದಿಲ್ಲ. ಗೇಟಿನಾಚೆ ಅರ್ಧ ಕತ್ತರಿಸಿದ ಹಡಗೊಂದು ಕಾಣುತ್ತಿತ್ತು. ಒಳಗಿನ ಕೋಣೆಗಳೆಲ್ಲ ಬಯಲಾಗಿದ್ದವು. 1983ರಿಂದ ಇಲ್ಲಿ ಇದೇ ಕೆಲಸ. ಖಂಭಾತ್ ಕೊಲ್ಲಿಯಲ್ಲಿ ಉಬ್ಬರ ತುಂಬಾ ಜಾಸ್ತಿ. ಅಮಾವಾಸ್ಯೆ, ಹುಣ್ಣಿಮೆಯ ಉಬ್ಬರ ನೋಡಿಕೊಂಡು ಹಡಗನ್ನು ಜೋರಾಗಿ ಓಡಿಸಿ ದಡ ಹತ್ತಿಸುತ್ತಾರೆ. ನೀರು ಇಳಿದಾಗ ಅದು ಕೆಸರಲ್ಲಿ ಕೂರುತ್ತದೆ. ನಮ್ಮ ನೌಕಾಪಡೆಯ ವಿಮಾನವಾಹಕ ಹಡಗು ವಿರಾಟ್ ಕೂಡ 2020ರಲ್ಲಿ ಬಂದದ್ದು ಇಲ್ಲಿಗೇ.

ಚಹಾ ಅಂಗಡಿಯಲ್ಲಿ ಒಡಿಶಾದ ಗಂಜಾಂ ಕಡೆಯ ಗ್ಯಾಸ್ ಕಟರ್, ಅಂದರೆ ಗ್ಯಾಸಿನ ಉರಿಯಿಂದ ಹಡಗಿನ ಕಬ್ಬಿಣ ಕತ್ತರಿಸುವವರು, ಒಬ್ಬರು ಸಿಕ್ಕರು. ಹಿಂದಿಯಲ್ಲೇ ಮಾತು. ‘ಮೇಲಿಂದ ಬೀಳೋ ಪ್ಲೇಟು ಕಾಣುತ್ತೆ ಭಯ್ಯಾ, ಓಡಬಹುದು. ಟ್ಯಾಂಕಿನ ಗ್ಯಾಸು ಕಾಣಲ್ಲ’ ಅಂದರು.

ಖಾಲಿ ಅಂದುಕೊಂಡ ಟ್ಯಾಂಕಿನ ತಳದಲ್ಲಿ ಎಣ್ಣೆಯ ಆವಿ ಉಳಿದಿರುತ್ತದೆ. ಕಟರ್‌ನ ಉರಿ ತಾಗಿದರೆ ಸಿಡಿಯುತ್ತದೆ. ಹಡಗು ಒಡೆಯುವ ಇನ್ನೊಂದು ದಡ, ಪಾಕಿಸ್ತಾನದ ಗಡಾನಿಯಲ್ಲಿ 2016ರ ನವೆಂಬರ್ 1ರಂದು ತೈಲ ಹಡಗೊಂದು ಹೊತ್ತಿ 20ಕ್ಕೂ ಹೆಚ್ಚು ಜನ ಸತ್ತರು. ಬೆಂಕಿಯೇ ಬೇಕಿಲ್ಲ. ಬಹಳ ದಿನ ಮುಚ್ಚಿಟ್ಟ ಕೋಣೆಯಲ್ಲಿ ತುಕ್ಕೇ ಆಮ್ಲಜನಕವನ್ನು ತಿಂದು ಮುಗಿಸಿರುತ್ತದೆ. ಒಳಗೆ ಇಳಿದವನು ಬೀಳುತ್ತಾನೆ. ಅವನನ್ನು ಎತ್ತಲು ಹೋದವನೂ ಬೀಳುತ್ತಾನೆ.

ನನ್ನನ್ನು ಜಾಸ್ತಿ ಕಾಡಿದ್ದು ಆಸ್ಬೆಸ್ಟಾಸ್, ಬಿಸಿ ತಡೆಯುವ ನಾರಿನಂಥ ಖನಿಜ. ಹಳೇ ಹಡಗುಗಳ ಎಂಜಿನ್ ಕೋಣೆಯ ಪೈಪುಗಳಿಗೆ ಅದನ್ನೇ ಸುತ್ತಿರುತ್ತಾರೆ, ಗೋಡೆಯ ಹಲಗೆಗಳಲ್ಲೂ ಇರುತ್ತದೆ. ಅದರ ಧೂಳು ಶ್ವಾಸಕೋಶಕ್ಕೆ ಹೊಕ್ಕರೆ ಕಾಯಿಲೆ ತಲೆ ಎತ್ತಲು 20, 30 ವರ್ಷ ಹಿಡಿಯಬಹುದು. ಅಷ್ಟರಲ್ಲಿ ಕೆಲಸಗಾರ ಊರು ಸೇರಿರುತ್ತಾನೆ. ಆ ಕೆಮ್ಮು ಅಲಂಗ್‌ನಿಂದ ಬಂತೆಂದು ಯಾರು ಬರೆದಿಡುತ್ತಾರೆ?

ಹಡಗು ಒಡೆಯುವುದಕ್ಕೆ ನಮ್ಮಲ್ಲಿ 2019ರಲ್ಲಿ ಕಾನೂನು ಬಂತು. ಇದೇ ಕೆಲಸದ ಕುರಿತ ಅಂತರರಾಷ್ಟ್ರೀಯ ಹಾಂಗ್‌ಕಾಂಗ್ ಒಪ್ಪಂದ 2025ರ ಜೂನ್‌ನಲ್ಲಿ ಜಾರಿಯಾಯಿತು. ಹಡಗಿನಲ್ಲಿ ಯಾವ್ಯಾವ ವಿಷವಸ್ತು ಎಲ್ಲೆಲ್ಲಿದೆ ಎಂಬ ಪಟ್ಟಿ ಈಗ ಬೇಕೇ ಬೇಕು. ಒಳ್ಳೆಯದೇ. ಆದರೆ ಹತ್ತು ವರ್ಷದ ಹಿಂದೆ ಕುಡಿದ ಧೂಳು?

ಸಂಜೆ ಆ ಗ್ಯಾಸ್ ಕಟರ್ ತಮ್ಮ ಖೋಲಿಗೆ ಕರೆದರು. ಆರು ಜನ ಮಲಗುವ ಕೋಣೆ. ಗೋಡೆಗೆ ಬೂದು ಬಣ್ಣದ ಹಲಗೆ. ಅಂಗಿ ತೂಗುಹಾಕಲು ಹೊಡೆದ ಮೊಳೆಯ ಸುತ್ತ ಬಿಳಿ ಪುಡಿ ಉದುರಿತ್ತು.

‘ಇದು ಯಾವ ಹಲಗೆ?’ ಅಂತ ಕೇಳಿದೆ.

‘ಹಡಗಿನದೇ’ ಅಂದರು. ಕೆಳಗೆ ಚಾಪೆ ಹಾಸಿ, ನನಗೆ ಕೂರಲು ಜಾಗ ಮಾಡಿಕೊಟ್ಟರು.