ಒಂದನೇ ತಾರೀಖಿನ ಶುಕ್ರವಾರ

25 ಮಾರ್ಚ್ 2025, ಮಂಗಳವಾರ
ಫಾಲ್ಗುಣ ಬಹುಳ ಏಕಾದಶಿ

ಯುಗಾದಿಗೆ ಇನ್ನೈದೇ ದಿನ. ಅಮ್ಮ ಬೆಳಿಗ್ಗೆಯೇ ಹೊಸ ಒಂಟಿಕೊಪ್ಪಲ್ ಪಂಚಾಂಗ ತರಿಸಿಕೊಂಡು, ಕನ್ನಡಕ ಏರಿಸಿ, ಮನೆಯವರೆಲ್ಲರ ಆಯ-ವ್ಯಯ ನೋಡುತ್ತ ಕೂತಿದ್ದಳು. ನನಗೆ ವಿಶ್ವಾವಸು ಸಂವತ್ಸರದಲ್ಲೂ ವ್ಯಯವೇ ಜಾಸ್ತಿಯಂತೆ. ಹೊಸ ಸುದ್ದಿಯೇನಲ್ಲ.

ಎದುರಿನ ಕುರ್ಚಿಯಲ್ಲಿ ನಾನೂ ಒಂದು ಪಂಚಾಂಗ ಹರಡಿಕೊಂಡಿದ್ದೆ. ಎರಡು ವರ್ಷದಿಂದ ಎಳೆಯುತ್ತಿರುವ ನನ್ನ ಕಾದಂಬರಿಯ ಲೋಕದ್ದು. ಅಲ್ಲಿ ಇಬ್ಬರು ಚಂದ್ರರು: ಚಿಕ್ಕವನಿಗೆ 23 ದಿನದ ತಿಂಗಳು, ದೊಡ್ಡವನಿಗೆ 37. ಎರಡೂ ಅವಿಭಾಜ್ಯ ಸಂಖ್ಯೆ ಎಂದು ಆಗ ಬಲು ಹೆಮ್ಮೆಪಟ್ಟಿದ್ದೆ. ನಾಲ್ಕನೇ ಅಧ್ಯಾಯದಲ್ಲಿ ಎರಡೂ ಹುಣ್ಣಿಮೆ ಕೂಡಿದ ರಾತ್ರಿಯಷ್ಟೇ ಮದುವೆ ಎಂದು ಬರೆದಿಟ್ಟೆ. ಇವತ್ತು ಗುಣಿಸಿ ನೋಡಿದರೆ ಆ ರಾತ್ರಿ ಬರುವುದು 851 ದಿನಕ್ಕೊಮ್ಮೆ, ಹತ್ತಿರತ್ತಿರ ಎರಡು ವರ್ಷ ನಾಲ್ಕು ತಿಂಗಳಿಗೆ. ಆರನೇ ಅಧ್ಯಾಯದಲ್ಲಿ, ಅಂದರೆ ಮೂರು ತಿಂಗಳ ನಂತರ, ನಾಯಕಿಯ ತಂಗಿಯ ಮದುವೆ ಮಾಡಿಸಿ ಊಟ ಬಡಿಸಿಯೂ ಆಗಿದೆ!

ಅಮ್ಮನ ಹತ್ತಿರ ಗೋಳು ತೋಡಿಕೊಂಡೆ. ಅವಳು ತಲೆ ಎತ್ತದೆ ಕೇಳಿದಳು: "ಇಬ್ಬರು ಚಂದ್ರ ಇದ್ರೆ ಸಂಕಷ್ಟಿ ದಿನ ಯಾರನ್ನ ನೋಡಿ ಊಟ ಮಾಡ್ತಾರೆ?"

ನನ್ನ ಹನ್ನೊಂದು ಪುಟದ ಕೋಷ್ಟಕದಲ್ಲಿ ಇದಕ್ಕೆ ಉತ್ತರವಿಲ್ಲ.

ಮಧ್ಯಾಹ್ನ ಟೋಲ್ಕಿನ್‌ನ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಕಾದಂಬರಿಯ ಮೂರನೇ ಸಂಪುಟ ಇಳಿಸಿಕೊಂಡೆ. 1955ರಲ್ಲಿ ಬಂದದ್ದು, ಕೊನೆಯಲ್ಲಿ ಅನುಬಂಧಗಳಿವೆ. ನಾಲ್ಕನೆಯದು ಪೂರ್ತಿ ಕ್ಯಾಲೆಂಡರುಗಳದ್ದೇ. ಮೊದಲ ಸಲ ಓದಿದಾಗ ಹಾರಿಸಿಬಿಟ್ಟಿದ್ದೆ, ಎಲ್ಲರೂ ಹಾರಿಸುತ್ತಾರೆ. ಅಂದಹಾಗೆ ಕಥೆಯಲ್ಲಿ ಕೇಡಿನ ಉಂಗುರ ಬೆಂಕಿಗೆ ಬಿದ್ದು ನಾಶವಾದದ್ದು ಇದೇ ಮಾರ್ಚ್ 25ರಂದು. ಆಮೇಲೆ ಗೊಂಡೋರ್ ರಾಜ್ಯದವರು ತಮ್ಮ ಹೊಸ ವರ್ಷವನ್ನೇ ಈ ದಿನಕ್ಕೆ ತಂದುಕೊಂಡರು. ಇಂಗ್ಲೆಂಡಿನಲ್ಲೂ 1751ರವರೆಗೆ ಕಾನೂನಿನ ಪ್ರಕಾರ ವರ್ಷ ಶುರುವಾಗುತ್ತಿದ್ದದ್ದು ಮಾರ್ಚ್ 25ಕ್ಕೇ, ದೇವದೂತ ಮೇರಿಗೆ ಸುದ್ದಿ ಹೇಳಿದನೆಂಬ ಹಬ್ಬದಂದು. ಜನವರಿ 1 ಬಂದದ್ದು 1752ರಲ್ಲಿ. ಕ್ಯಾಥೊಲಿಕ್ ಭಕ್ತನಾಗಿದ್ದ ಟೋಲ್ಕಿನ್ ಈ ತಾರೀಖನ್ನು ಕಣ್ಣು ಮುಚ್ಚಿ ಆರಿಸಿರಲಾರ.

ಆ ಕಥೆಯ ಸಾವಿಲ್ಲದ ಜನಾಂಗ ಎಲ್ಫ್‌ಗಳದ್ದು ಭವ್ಯ ಲೆಕ್ಕ. ವರ್ಷಕ್ಕೆ ನಮ್ಮಂತೆಯೇ ಆರು ಋತು, ಆದರೆ ಸಮನಲ್ಲ: ಎರಡಕ್ಕೆ 72 ದಿನ, ಉಳಿದ ನಾಲ್ಕಕ್ಕೆ 54. ವಾರಕ್ಕೂ ಆರೇ ದಿನ. 144 ವರ್ಷ ಸೇರಿದರೆ ಒಂದು 'ಯೇನ್'. ಸಾವಿಲ್ಲದವರಿಗೆ ನಮ್ಮ ಅರವತ್ತು ಸಂವತ್ಸರದ ಚಕ್ರ ಎಲ್ಲಿ ಸಾಕಾಗಬೇಕು!

ನನಗೆ ಹಿಡಿಸಿದ್ದು ಅದೇ ಕಥೆಯ ಶೈರ್ ಎಂಬ ನಾಡಿನ ಕುಳ್ಳ ಜನ ಹಾಬಿಟ್‌ಗಳದ್ದು. ಹನ್ನೆರಡು ತಿಂಗಳು, ಎಲ್ಲಕ್ಕೂ ಮೂವತ್ತೇ ದಿನ. ಉಳಿಯುವ ಐದು ದಿನ ಯಾವ ತಿಂಗಳಿಗೂ ಸೇರುವುದಿಲ್ಲ: ವರ್ಷ ಮುಗಿದು ಹುಟ್ಟುವ ಸಂಧಿಯಲ್ಲಿ ಎರಡು 'ಯೂಲ್', ನಡುಬೇಸಿಗೆಯಲ್ಲಿ ಮೂರು. ಅಧಿಕ ವರ್ಷದಲ್ಲಿ ಬೇಸಿಗೆಗೇ ಇನ್ನೊಂದು, 'ಓವರ್‌ಲೈದ್'. ಮುಂದೆ ಒಂದು ಸುಧಾರಣೆ ಮಾಡಿಕೊಂಡರು: ವರ್ಷದ ನಟ್ಟನಡುವಿನ ದಿನಕ್ಕೂ ಓವರ್‌ಲೈದ್‌ಗೂ ವಾರದ ಹೆಸರೇ ಬೇಡ. ಉಳಿದ 364 ಸರಿಯಾಗಿ 52 ವಾರ. ಹಾಗಾಗಿ ಪ್ರತಿ ವರ್ಷ ಶನಿವಾರ ಶುರು, ಶುಕ್ರವಾರ ಮುಕ್ತಾಯ. ಯಾವ ತಾರೀಖಿಗೆ ಯಾವ ವಾರ ಎಂಬುದು ಬದಲಾಗುವುದೇ ಇಲ್ಲವಾದ್ದರಿಂದ ಹಾಬಿಟ್‌ಗಳು ಕಾಗದದಲ್ಲಿ, ದಿನಚರಿಯಲ್ಲಿ ವಾರ ಬರೆಯುವುದನ್ನೇ ಬಿಟ್ಟರಂತೆ. ನಾನು ಮೇಲೆ 'ಮಂಗಳವಾರ' ಬರೆದಿದ್ದೇನೆ, ನೋಡಿ.

ಇದಕ್ಕಿಂತ ಚೆಂದದ್ದು ಮುಂದಿದೆ. ಈ ಲೆಕ್ಕದಲ್ಲಿ ಯಾವ ತಿಂಗಳೂ ಶುಕ್ರವಾರ ಶುರುವಾಗುವುದಿಲ್ಲ. ನಂಬಿಕೆ ಬರದೆ ಹಳೇ ಲಕೋಟೆಯ ಹಿಂದೆ ಬರೆದು ನೋಡಿದೆ: ಭಾನು, ಮಂಗಳ, ಗುರು, ಶನಿ, ಸೋಮ, ಬುಧ, ಅರ್ಧ ವರ್ಷ ಕಳೆದು ಮತ್ತೆ ಭಾನುವಿನಿಂದ. ನಿಜ! ಅದಕ್ಕೇ ಅಲ್ಲಿ 'ಒಂದನೇ ತಾರೀಖಿನ ಶುಕ್ರವಾರ' ಎಂದರೆ ಯಾವತ್ತೂ ಬಾರದ ದಿನ, ಹಂದಿಗೆ ರೆಕ್ಕೆ ಬರುವ ದಿನ. ನಮ್ಮ ಹಳ್ಳಿಯ ಬಾಗಿಲುಗಳ ಮೇಲೆ ದೆವ್ವಕ್ಕೆಂದು 'ನಾಳೆ ಬಾ' ಎಂದು ಬರೆದಂತೆಯೇ. ಲೆಕ್ಕ ಯಾರು ಬೇಕಾದರೂ ಹಾಕುತ್ತಾರೆ. ಲೆಕ್ಕದ ಸಂದಿಯಲ್ಲಿ ಒಂದು ತಮಾಷೆ ಹುಟ್ಟಿದೆಯಲ್ಲ, ಅದನ್ನು ಓದಿದ ಮೇಲೆಯೇ ಶೈರ್‌ನಲ್ಲಿ ಜನ ಇದ್ದಾರೆಂದು ನನಗೆ ನಂಬಿಕೆ ಬಂದದ್ದು.

ತಿಂಗಳ ಹೆಸರುಗಳನ್ನೂ ಟೋಲ್ಕಿನ್ ಗಾಳಿಯಿಂದ ಹಿಡಿದಿಲ್ಲ. ಎಂಟನೇ ಶತಮಾನದಲ್ಲಿ ಬೀಡ್ ಎಂಬ ಸನ್ಯಾಸಿ ಇಂಗ್ಲಿಷರ ಹಳೆಯ ತಿಂಗಳುಗಳನ್ನು ಬರೆದಿಟ್ಟಿದ್ದ. ಮೇ ತಿಂಗಳಿಗೆ 'ಥ್ರಿಮಿಲ್ಕಿ': ಹಸುಗಳು ದಿನಕ್ಕೆ ಮೂರು ಹೊತ್ತು ಹಾಲು ಕರೆಯುವ ತಿಂಗಳು. ಹಾಬಿಟ್‌ಗಳ ಬಾಯಲ್ಲಿ ಅದು ಸವೆದು 'ಥ್ರಿಮಿಡ್ಜ್'. ಆ ಹಳೆಯ ಇಂಗ್ಲಿಷರಿಗೂ ಅಧಿಕ ಮಾಸವಿತ್ತು, ಅದೂ ಬೇಸಿಗೆಯಲ್ಲೇ. ಓವರ್‌ಲೈದ್‌ನ ಬೇರು ಅಲ್ಲಿರಬೇಕು ಎಂಬುದು ನನ್ನ ಗುಮಾನಿ. ಕೊಟ್ಟಿಗೆಯಲ್ಲಿ ಹುಟ್ಟಿದ ಹೆಸರು ಅಂದಾಗ ಅಜ್ಜಿಯ 'ರೋಹಿಣಿ ಮಳೆಗೆ ಓಣಿಯೆಲ್ಲಾ ಜೋಳ' ನೆನಪಾಯಿತು. ಅಜ್ಜಿಗೆ ಮೇ, ಜೂನ್ ಎಂದರೆ ಶಾಲೆಯ ರಜೆಯ ಲೆಕ್ಕ ಮಾತ್ರ. ಹೊಲಕ್ಕೆ ಮಳೆ ನಕ್ಷತ್ರವೇ, ಹದಿಮೂರು-ಹದಿನಾಲ್ಕು ದಿನಕ್ಕೊಂದು.

ಸಂಜೆ ನನ್ನ ಹನ್ನೊಂದು ಪುಟ ಹರಿದೆ. ಹೊಸ ಹಾಳೆಯಲ್ಲಿ ಮೊದಲು ಬರೆದದ್ದು ಒಂದು ಜಗಳ. ಸಾಲಗಾರ "ಹುಣ್ಣಿಮೆಗೆ ತೀರಿಸ್ತೀನಿ" ಅಂದಿದ್ದಾನೆ, ಯಾವ ಚಂದ್ರನ ಹುಣ್ಣಿಮೆ ಅಂತ ಹೇಳಿಲ್ಲ. ಸಾಲ ಕೊಟ್ಟವನು ಚಿಕ್ಕ ಚಂದ್ರನನ್ನು ತೋರಿಸುತ್ತಾನೆ, ತೆಗೆದುಕೊಂಡವನು ದೊಡ್ಡವನನ್ನು. ಪಂಚಾಯಿತಿ ಸೇರಿದೆ. ಒಂದೇ ಏಟಿಗೆ ನಾಲ್ಕು ಪುಟ ಸಾಗಿತು.

ರಾತ್ರಿ ಅಮ್ಮ ತಾನಾಗಿಯೇ ಬಂದು ಹೇಳಿದಳು: "ಯಾರು ಮೊದಲು ಕಾಣ್ತಾನೋ ಅವನನ್ನ ನೋಡಿ ಉಣ್ಣೋದಪ್ಪ. ಹಸಿದ ಹೊಟ್ಟೆ ಇನ್ನೊಬ್ಬನಿಗೆ ಕಾಯಲ್ಲ." ಅದನ್ನೂ ಹಾಗೇ ಬರೆದುಕೊಂಡೆ.

ತಂಗಿಯ ಮದುವೆ ಮಾತ್ರ ಇನ್ನೂ ಬಗೆಹರಿದಿಲ್ಲ. ಸದ್ಯಕ್ಕೆ ಒಂದನೇ ತಾರೀಖಿನ ಶುಕ್ರವಾರಕ್ಕೆ ಇಟ್ಟುಕೊಂಡಿದ್ದೇನೆ.