ಕಾಂಡ್ಲಾ ಕಾಡಿಗೆ ಹೊರಡುವ ಮುಂಚೆ ಕ್ಯಾಲೆಂಡರ್‌ನಲ್ಲಿ ಅಷ್ಟಮಿ ಹುಡುಕಿ

ಸಂಜೆ ಐದೂಮುಕ್ಕಾಲಿಗೆ ನಮ್ಮ ಕಯಾಕ್ ನಿಂತೇಬಿಟ್ಟಿತು. ಹುಟ್ಟು ಹಾಕಿದರೆ ನೀರಿನ ಬದಲು ಕರಿ ಕೆಸರು ಎದ್ದು ಬರುತ್ತಿತ್ತು. ಮುಂದೆ ಕೂತಿದ್ದ ನಾದಿನಿ "ಅತ್ತಿಗೆ, ಇಳಿದು ತಳ್ಳೋಣ್ವಾ?" ಅಂತ ಒಂದು ಕಾಲು ಕೆಳಗಿಟ್ಟಳು. ಮೊಣಕಾಲಿನವರೆಗೂ ಹೋಯಿತು. ಹಿಡಿದು ಎಳೆದೆ. ಕಾಲು ವಾಪಸ್ ಬಂತು, ಚಪ್ಪಲಿ ಬರಲಿಲ್ಲ. ಅದು ಈಗಲೂ ಅಲ್ಲೇ ಇದೆ.

ಇದು ನಡೆದಿದ್ದು ನಮ್ಮ ಕರಾವಳಿಯ ಒಂದು ಅಳಿವೆಯ ಕಾಂಡ್ಲಾ ಕಾಡಿನಲ್ಲಿ, ಅಂದರೆ ಉಪ್ಪುನೀರಿನ ಕೆಸರಲ್ಲಿ ಬೆಳೆಯುವ ಮ್ಯಾಂಗ್ರೋವ್ ಕಾಡಿನಲ್ಲಿ. ನಡೆಸುವವರ ಹೆಸರು ಬೇಡ. "ಸನ್‌ಸೆಟ್ ಮ್ಯಾಂಗ್ರೋವ್ ಕಯಾಕಿಂಗ್, ಹಂಡ್ರೆಡ್ ಪರ್ಸೆಂಟ್ ಇಕೋ ಫ್ರೆಂಡ್ಲಿ" ಅಂತ ಹಾಕಿಕೊಂಡಿದ್ದರು. ತಲೆಗೆ ₹1,200. ಫೋನ್ ಮಾಡಿ ಯಾವಾಗ ಬಂದರೆ ಒಳ್ಳೆಯದು ಅಂತ ಕೇಳಿದ್ದೆ. "ಯಾವಾಗ ಬೇಕಾದ್ರೂ ಬನ್ನಿ ಮೇಡಂ, ನೀರಿಗೇನು ಬರವಾ?" ಅಂದಿದ್ದರು. ಆ ಉತ್ತರಕ್ಕೇ ನನಗೆ ಅನುಮಾನ ಬರಬೇಕಿತ್ತು. ಬರಲಿಲ್ಲ, ಯಾಕೆಂದರೆ ನಾನು ಹಾಸನದ ಕಡೆಯವಳು. ನಮ್ಮ ಕೆರೆಯಲ್ಲಿ ಬೆಳಿಗ್ಗೆ ಇದ್ದ ನೀರು ಸಂಜೆಗೂ ಇರುತ್ತದೆ.

ಹಿಂದಿನ ದಿನ ಅಮಾವಾಸ್ಯೆ. ಅದರ ಅರ್ಥ ಏನು ಅಂತ ತಿಳಿದಿದ್ದು ಎರಡು ದಿನ ಬಿಟ್ಟು, ಬೇರೆ ಊರಲ್ಲಿ.

ಗೈಡ್ ಅಂತ ಕಳಿಸಿದ್ದ ಹುಡುಗ ಮುಂದೆ ಒಬ್ಬನೇ ಹೋಗುತ್ತಿದ್ದ. ಅವನಿಗೂ ಆ ಕಾಲುವೆ ಹೊಸದು ಅಂತ ಕಾಣುತ್ತೆ. ಕೊನೆಗೆ ಇಬ್ಬರು ಕೆಸರಲ್ಲಿ ನಡೆದು ಬಂದು, ಎಮ್ಮೆ ಎಳೆಯುವ ಹಾಗೆ ನಮ್ಮ ಎರಡೂ ಕಯಾಕ್ ಎಳೆದುಕೊಂಡು ದೊಡ್ಡ ಹೊಳೆಗೆ ಬಿಟ್ಟರು. ಅಲ್ಲಿಂದ ಮೋಟಾರ್ ಬೋಟಿಗೆ ಹಗ್ಗ ಕಟ್ಟಿ ದಡಕ್ಕೆ ಎಳೆದರು. ಇಕೋ ಫ್ರೆಂಡ್ಲಿ ವಿಹಾರ ಡೀಸೆಲ್ ಹೊಗೆ ಕುಡಿಯುವುದರಲ್ಲಿ ಮುಗಿಯಿತು. ಸೂರ್ಯ ಮುಳುಗಿದ್ದನ್ನು ನಾವ್ಯಾರೂ ನೋಡಲಿಲ್ಲ. ದಡದಲ್ಲಿ ಪ್ಲಾಸ್ಟಿಕ್ ಲೋಟದಲ್ಲಿ ಟೀ ಕೊಟ್ಟರು. ಲೋಟ ಎಲ್ಲಿ ಹಾಕೋದು ಅಂತ ಕೇಳಿದರೆ ಒಬ್ಬ ಹೊಳೆ ಕಡೆ ಗಲ್ಲ ಎತ್ತಿ ತೋರಿಸಿದ. ದುಡ್ಡು ವಾಪಸ್ ಕೇಳಿದ್ದಕ್ಕೆ ಮ್ಯಾನೇಜರ್ ಅಂದಿದ್ದು ಇಷ್ಟು: "ಸನ್‌ಸೆಟ್ ನೀವೇ ಕೇಳಿದ್ದಲ್ವಾ?"

ಒಂದು ಲಾಭ ಆಯಿತು, ಅದನ್ನೂ ಹೇಳಬೇಕು. ನೀರು ಇಳಿದಾಗ ಮಾತ್ರ ಈ ಕಾಡಿನ ಕೆಳಗಿನ ಅರ್ಧ ಕಾಣುತ್ತದೆ. ಒಂದು ಜಾತಿಯ ಮರದ ಬೇರುಗಳು ಕಾಂಡದಿಂದ ಕಮಾನಿನ ಹಾಗೆ ಇಳಿದು, ಮರವನ್ನೇ ಮೇಲಕ್ಕೆ ಎತ್ತಿ ಹಿಡಿದಿರುತ್ತವೆ. ಇನ್ನೊಂದು ಜಾತಿಯದು ಇನ್ನೂ ವಿಚಿತ್ರ. ಬೇರುಗಳು ಕೆಸರಿನಿಂದ ನೆಟ್ಟಗೆ ಮೇಲೆದ್ದು, ಸಾವಿರ ಪೆನ್ಸಿಲ್ ಚುಚ್ಚಿಟ್ಟ ಹಾಗೆ ನಿಂತಿರುತ್ತವೆ. ಈ ಕೆಸರಿನೊಳಗೆ ಗಾಳಿಯೇ ಇಲ್ಲ, ಅದಕ್ಕೇ ಮರ ಬೇರನ್ನು ಹೊರಗೆ ಹಾಕಿ ಉಸಿರಾಡುತ್ತದೆ. ಕೊಳೆತ ಮೊಟ್ಟೆಯ ವಾಸನೆಗೂ ಅದೇ ಕಾರಣ. ಅದನ್ನು ಕೊಳಚೆ ನೀರು ಅಂದುಕೊಂಡು ಮೂಗು ಮುಚ್ಚಬೇಡಿ. ನಾವು ಸಿಕ್ಕಿಬಿದ್ದ ಮುಕ್ಕಾಲು ಗಂಟೆಯಲ್ಲಿ ಕಣ್ಣು ತಲೆ ಮೇಲಿರುವ ಪುಟ್ಟ ಮೀನುಗಳು ಕೆಸರ ಮೇಲೆ ಕುಪ್ಪಳಿಸುವುದನ್ನೂ, ಒಂದೇ ಕೈ ದೊಡ್ಡದಿರುವ ಏಡಿಗಳು ಆ ಕೈ ಎತ್ತಿ ಎತ್ತಿ ಜಗಳಕ್ಕೆ ಕರೆಯುವುದನ್ನೂ ನೋಡಿದೆವು. ನಾದಿನಿಯ ಮಗ ಮೊಬೈಲಿನಲ್ಲಿ ವಿಡಿಯೋ ಮಾಡುತ್ತಾ "ಅತ್ತೆ, ಇದಕ್ಕೇ ₹1,200 ಕೊಡಬಹುದು" ಅಂದ. ಅವನ ದುಡ್ಡಲ್ಲ ನೋಡಿ.

ಮರುದಿನ ಭಾನುವಾರ ಮಲ್ಪೆಗೆ ಹೋದೆವು. ಜನ, ಜನ, ಜನ. ಬಿಡಿ.

ಸೋಮವಾರ ಸಾಲಿಗ್ರಾಮ. ಉಡುಪಿ ಮತ್ತು ಕುಂದಾಪುರದ ನಡುವೆ, ಹೆದ್ದಾರಿ 66ರ ಮೇಲೆಯೇ ಇದೆ. ಬ್ರಹ್ಮಾವರ ದಾಟಿ, ಸಾಸ್ತಾನದ ಟೋಲ್ ದಾಟಿದರೆ ಬಂತು. ಅಲ್ಲಿಂದ ಪಾರಂಪಳ್ಳಿ ಕಡೆ ತಿರುಗಿದರೆ ಸೀತಾ ನದಿಯ ಹಿನ್ನೀರು. ಘಟ್ಟದಿಂದ ಇಳಿದು ಬರುವ ಸೀತಾ ನದಿ ಇಲ್ಲಿ ಸಮುದ್ರದ ಪಕ್ಕಪಕ್ಕದಲ್ಲೇ ಸಾಗಿ, ಕೋಡಿ ಬೆಂಗ್ರೆ ಹತ್ತಿರ ಸುವರ್ಣಾ ನದಿಯ ಜೊತೆ ಕಡಲು ಸೇರುತ್ತದೆ.

ಬಸ್ಸಿನ ವಿಷಯ ಇಲ್ಲೇ ಹೇಳಿಬಿಡುತ್ತೇನೆ, ಸಿಟ್ಟು ಆರುವ ಮುಂಚೆ. ಉಡುಪಿಯಲ್ಲಿ ಕುಂದಾಪುರದ ಎಕ್ಸ್‌ಪ್ರೆಸ್ ಹತ್ತುವಾಗ "ಸಾಲಿಗ್ರಾಮ ನಿಲ್ಲುತ್ತಾ?" ಅಂತ ಎರಡು ಸಲ ಕೇಳಿದ್ದೇನೆ. "ನಿಲ್ತದೆ, ಹತ್ತಿ ಹತ್ತಿ" ಅಂದ ಕಂಡಕ್ಟರ್. ಸಾಲಿಗ್ರಾಮ ಕಿಟಕಿಯಲ್ಲಿ ಬಂತು, ಕಿಟಕಿಯಲ್ಲೇ ಹೋಯಿತು. ಕೂಗಿಕೊಂಡ ಮೇಲೆ ಕೋಟದಲ್ಲಿ ಇಳಿಸಿ, ಸೀಟಿ ಊದಿ ಹೊರಟೇಹೋದ. ಅಲ್ಲಿಂದ ರಿಕ್ಷಾ ಹಿಡಿದು ವಾಪಸ್. ಎಕ್ಸ್‌ಪ್ರೆಸ್ ನಂಬಬೇಡಿ, ಹತ್ತು ಹದಿನೈದು ನಿಮಿಷ ಜಾಸ್ತಿ ಆದರೂ ಸರ್ವಿಸ್ ಬಸ್ಸೇ ಹತ್ತಿ. ಬೆಂಗಳೂರಿನಿಂದ ಬಂದ ಎಸಿ ಸ್ಲೀಪರ್ ಇದಕ್ಕಿಂತ ದೊಡ್ಡ ಕಥೆ. ಕೊನೆಯ ಸಾಲಿನ ಮೇಲಿನ ಬರ್ತ್. ಘಾಟಿಯ ತಿರುವು ಬಂದಾಗಲೆಲ್ಲ ಎಸಿ ಕಿಂಡಿಯಿಂದ ನೀರು ಸರಿಯಾಗಿ ಕಿವಿಗೇ ತೊಟ್ಟಿಕ್ಕುತ್ತಿತ್ತು. ಹೋಗುವಾಗ ರಾತ್ರಿ ರೈಲಿಗೆ ಟಿಕೆಟ್ ಸಿಕ್ಕಿದರೆ ಬೇರೆ ಯೋಚನೆಯೇ ಬೇಡ.

ಸಾಲಿಗ್ರಾಮದ ಗೈಡಿಗೆ ಹಿಂದಿನ ರಾತ್ರಿ ಫೋನ್ ಮಾಡಿದಾಗ ನಾನು ಮತ್ತೆ "ಸಂಜೆ ಬರ್ತೀವಿ" ಅಂದೆ. ಬುದ್ಧಿ ಬಂದಿರಲಿಲ್ಲ. ಆತ "ಸಂಜೆ ಬೇಡ, ಹನ್ನೊಂದೂವರೆಗೆ ಬನ್ನಿ" ಅಂದ. ಅಷ್ಟು ಬಿಸಿಲಿನಲ್ಲಾ ಅಂತ ರಾಗ ಎಳೆದೆ. "ನೀರಿಲ್ದೆ ದೋಣಿ ಹೋತ್ತಾ ಅಕ್ಕ?" ಅಂತ ನಕ್ಕ.

ಮೀನುಗಾರರ ಮನೆಯ ಹುಡುಗ. ಲೈಫ್ ಜಾಕೆಟ್ ಹಾಕಿಸಿ, ಭುಜದ ಪಟ್ಟಿ ಹಿಡಿದು ಮೇಲಕ್ಕೆತ್ತಿ ನೋಡಿದ. ಕಿವಿವರೆಗೆ ಬಂದರೆ ಸಡಿಲ ಅಂತ ಲೆಕ್ಕ. ಹಿಂದಿನ ಜಾಗದವರು ಇದನ್ನು ಮಾಡಿರಲಿಲ್ಲ. ಆಮೇಲೆ ಮರಳ ಮೇಲೆ ಹುಟ್ಟಿನ ಹಿಡಿಯಿಂದ ಗೆರೆ ಎಳೆದು ಹೇಳಿದ್ದು ಇದು.

ದಿನಕ್ಕೆ ಎರಡು ಸಲ ಭರತ, ಎರಡು ಸಲ ಇಳಿತ. ಸುಮಾರು ಆರು ಗಂಟೆ ಏರುತ್ತೆ, ಆರು ಗಂಟೆ ಇಳಿಯುತ್ತೆ. ದಿನದಿಂದ ದಿನಕ್ಕೆ ಹೆಚ್ಚುಕಡಿಮೆ ಐವತ್ತು ನಿಮಿಷ ತಡ. ಈ ಕರಾವಳಿಯಲ್ಲಿ ಅಮಾವಾಸ್ಯೆ, ಹುಣ್ಣಿಮೆ ಆಸುಪಾಸು ಮಧ್ಯಾಹ್ನದ ಹೊತ್ತಿಗೆ ನೀರು ತುಂಬಿರುತ್ತದೆ. ಅಂದರೆ ಸೂರ್ಯ ಮುಳುಗುವ ಹೊತ್ತಿಗೆ ಖಾಲಿ. ಅದೂ ಆ ದಿನಗಳಲ್ಲಿ ಏರಿಳಿತ ಜಾಸ್ತಿ, ತುಂಬಿದರೆ ಪೂರ್ತಿ ತುಂಬುತ್ತೆ, ಇಳಿದರೆ ಪೂರ್ತಿ ಇಳಿಯುತ್ತೆ. ಅಷ್ಟಮಿ ಹತ್ತಿರ ಉಲ್ಟಾ. ಸಂಜೆ ಭರತ, ಏರಿಳಿತವೂ ಸಣ್ಣದು.

ಹಾಗಾಗಿ ಸೂರ್ಯಾಸ್ತದ ಕಯಾಕಿಂಗೇ ಬೇಕು ಅಂತಿದ್ದರೆ, ರಜೆ ಹಾಕುವ ಮುಂಚೆ ಅಡುಗೆಮನೆ ಗೋಡೆಯ ಕ್ಯಾಲೆಂಡರ್‌ನಲ್ಲಿ ಅಷ್ಟಮಿ ಯಾವತ್ತು ಅಂತ ನೋಡಿ, ಅದರ ಹಿಂದೆಮುಂದೆ ಹೋಗಿ. ಗಂಟೆ ನಿಮಿಷ ಆ ಊರಿನವರನ್ನೇ ಕೇಳಿ. ನೀರಿನ ಹೊತ್ತು ಹೇಳದೆ ಬರೀ ರೇಟ್ ಹೇಳುವವರನ್ನು ಅಲ್ಲಿಗೇ ಬಿಟ್ಟುಬಿಡಿ. "ಆ ಹೊತ್ತಿಗೆ ಬರಬೇಡಿ" ಅಂತ ಗಿರಾಕಿಯನ್ನೇ ತಡೆಯುವವರು ಸಿಕ್ಕಿದರೆ ದುಡ್ಡು ಕೊಡಿ. ನಮಗೆ ಇಲ್ಲಿ ಆದ ಖರ್ಚು ಮೊದಲಿನ ಜಾಗದ ಅರ್ಧಕ್ಕಿಂತ ಕಡಿಮೆ.

ಬಿಸಿಲಿಗೆ ಹೆದರಿದ್ದು ಸುಮ್ನೆ. ದೊಡ್ಡ ಹೊಳೆ ದಾಟುವ ಹತ್ತು ನಿಮಿಷ ನೆತ್ತಿ ಸುಟ್ಟಿತು, ನಿಜ. ಕಾಂಡ್ಲಾ ಗಿಡಗಳ ನಡುವಿನ ಸಣ್ಣ ಕಾಲುವೆಗೆ ನುಗ್ಗಿದ ಮೇಲೆ ಮೇಲೆಲ್ಲ ಎಲೆ. ಎರಡೂ ಕಡೆಯ ಕೊಂಬೆ ಸೇರಿ ಸುರಂಗವಾಗಿತ್ತು. ಏರುವ ನೀರು ತಾನೇ ಒಳಗೆ ತಳ್ಳುತ್ತಿತ್ತು, ಹುಟ್ಟು ಸುಮ್ಮನೆ ದಿಕ್ಕಿಗೆ ಮಾತ್ರ. ಹುಡುಗ ನಮ್ಮನ್ನು ಹತ್ತು ನಿಮಿಷ ಮಾತಾಡದೆ ಕೂರಿಸಿದ. ಬಾಟಲಿಯಿಂದ ಹನಿ ಬಿದ್ದ ಹಾಗೆ ಟಿಕ್ ಟಿಕ್ ಅಂತ ಎಲ್ಲಿಂದಲೋ ಸದ್ದು. ನೀಲಿ ಮಿಂಚುಳ್ಳಿ ಎರಡು ಸಲ ಅಡ್ಡ ಹಾರಿತು. ಮೋಟಾರ್ ಬೋಟಿನಲ್ಲಿ ಇದು ಯಾವುದೂ ಸಿಗಲ್ಲ.

ಒಂದು ಮರದ ಹತ್ತಿರ ನಿಲ್ಲಿಸಿ ಎಲೆ ಕಿತ್ತುಕೊಟ್ಟು ನೆಕ್ಕಿ ನೋಡಿ ಅಂದ. ಉಪ್ಪು! ಬೇರಿನಿಂದ ಒಳಗೆ ಬಂದ ಉಪ್ಪನ್ನು ಈ ಮರ ಎಲೆಯಿಂದ ಬೆವರಿನ ಹಾಗೆ ಹೊರಗೆ ಹಾಕುತ್ತದೆ. ಪೆನ್ಸಿಲ್ ಬೇರಿನ ಮರವೂ ಇದೇ. ಪುಸ್ತಕದಲ್ಲಿ ಅವಿಸೀನಿಯಾ ಅಂತ ಹೆಸರು. ಕಮಾನು ಬೇರಿನ ಕಾಂಡ್ಲಾದಲ್ಲಿ ಹಸಿರು ನುಗ್ಗೆಕಾಯಿ ತೂಗುಬಿದ್ದ ಹಾಗೆ ಕಾಣುತ್ತಿತ್ತು. ಕಾಯಿ ಅಂದುಕೊಂಡೆ. ಕಾಯಿ ಅಲ್ಲವಂತೆ, ಸಸಿ. ಬೀಜ ಮರದಲ್ಲಿ ಇರುವಾಗಲೇ ಮೊಳೆತು ಉದ್ದ ಬೆಳೆಯುತ್ತದೆ. ನೀರು ಇಳಿದಾಗ ಬಿದ್ದರೆ ಕೆಸರಿಗೆ ನೆಟ್ಟಗೆ ಚುಚ್ಚಿಕೊಂಡು ಅಲ್ಲೇ ಬೇರು ಬಿಡುತ್ತೆ, ನೀರಿದ್ದಾಗ ಬಿದ್ದರೆ ತೇಲಿಕೊಂಡು ಬೇರೆ ದಡ ಹುಡುಕುತ್ತೆ. ಒಂದು ಸಸಿ ತೇಲಿಬಂದಿದ್ದನ್ನು ಕೈಗೆ ಕೊಟ್ಟ. ಪೆನ್ನಿಗಿಂತ ದಪ್ಪ, ತಣ್ಣಗೆ, ತುದಿ ಚೂಪು. ನಾದಿನಿಯ ಮಗ ಬೆಂಗಳೂರಿಗೆ ಒಯ್ದು ಕುಂಡದಲ್ಲಿ ಹಾಕ್ತೀನಿ ಅಂದ. ಹುಡುಗ ಏನೂ ಹೇಳದೆ ಅದನ್ನು ಇಸಿದುಕೊಂಡು ನೀರಿಗೆ ಬಿಟ್ಟ.

2021ರ ದೇಶದ ಅರಣ್ಯ ಸಮೀಕ್ಷೆಯಲ್ಲಿ ಇಡೀ ಕರ್ನಾಟಕಕ್ಕೆ ಈ ಕಾಡು 13 ಚದರ ಕಿಲೋಮೀಟರ್ ಅಂತ ಲೆಕ್ಕ. ಪಶ್ಚಿಮ ಬಂಗಾಳಕ್ಕೆ 2,114. ನಮ್ಮಲ್ಲಿರುವುದು ಇಷ್ಟೇ ಇಷ್ಟು, ಅದರೊಳಗೂ ಡೀಸೆಲ್ ಬೋಟ್ ಓಡಿಸಿ ಇಕೋ ಅಂತ ಬೋರ್ಡ್ ಹಾಕುತ್ತಾರೆ.

ಒಂದು ಎಚ್ಚರಿಕೆ. ಕಾಲುವೆ ಕಿರಿದಾದಾಗ ಬೇರು ಹಿಡಿದು ಕಯಾಕ್ ಎಳೆಯೋಣ ಅನ್ನಿಸುತ್ತೆ. ಮುಟ್ಟಬೇಡಿ. ಬೇರಿನ ಮೇಲೆಲ್ಲ ಕಲ್ಲಿನಂಥ ಚಿಪ್ಪುಗಳು ಅಂಟಿರುತ್ತವೆ, ಅಂಚು ಬ್ಲೇಡಿನ ಹಾಗೆ. ನಾದಿನಿಯ ಹೆಬ್ಬೆರಳು ಕೊಯ್ದು, ಬ್ಯಾಗಿನಲ್ಲಿದ್ದ ಬ್ಯಾಂಡೇಜ್ ಅಷ್ಟೂ ಖಾಲಿ. ಹಿಂದೆ ಪಟ್ಟಿ ಇರುವ ಹಳೇ ಸ್ಯಾಂಡಲ್ ಹಾಕಿ. ಕಯಾಕಿನ ಸೀಟಿನಲ್ಲಿ ನೀರು ನಿಲ್ಲುತ್ತೆ, ಪ್ಯಾಂಟು ಒದ್ದೆ ಆಗೇ ಆಗುತ್ತೆ, ಇನ್ನೊಂದು ಜೊತೆ ಬಟ್ಟೆ ಇರಲಿ. ಬಟ್ಟೆ ಬದಲಿಸುವ ಜಾಗ ಅಷ್ಟಕ್ಕಷ್ಟೇ. ನನಗೆ ನಡೆಯುತ್ತೆ, ನಿಮಗೆ ಆಗಲ್ಲ ಅಂದರೆ ಉಡುಪಿಯಲ್ಲಿ ರೂಮ್ ಇಟ್ಟುಕೊಳ್ಳಿ. ಮಳೆಗಾಲ ಪೂರ್ತಿ ಬೇಡ. ಶನಿವಾರ, ಭಾನುವಾರ ದಯವಿಟ್ಟು ಬೇಡ. ಆ ಸುರಂಗದಲ್ಲಿ ಒಂದು ಕಯಾಕ್ ಹಿಂದೆ ಇನ್ನೊಂದು ಸಾಲು ಕಟ್ಟಿ, ಯಾರೋ ಬ್ಲೂಟೂತ್ ಸ್ಪೀಕರ್ ಹಾಕಿದರೆ ನಾನಂತೂ ನೀರಿಗೆ ಹಾರುತ್ತಿದ್ದೆ.

ನೀರೆಂದರೆ ಭಯ ಇರುವ ಅತ್ತೆ ಮಾವ ಜೊತೆಗಿದ್ದರೆ ಹೊನ್ನಾವರಕ್ಕೆ ಕರೆದುಕೊಂಡು ಹೋಗಿ. ಅಲ್ಲಿ ಶರಾವತಿ ದಡದ ಕಾಂಡ್ಲಾ ವನದೊಳಗೆ ಅರಣ್ಯ ಇಲಾಖೆ ಹಲಗೆಯ ಕಾಲುದಾರಿ ಮಾಡಿದೆ. ಕಾಲು ಒದ್ದೆಯಾಗದೆ ಬೇರು, ಏಡಿ ಎಲ್ಲ ನೋಡಬಹುದು. ಅಲ್ಲಿಗೆ ಮಾತ್ರ ಇಳಿತದ ಹೊತ್ತಿಗೇ ಹೋಗಿ.

ಈಗ ಊಟ. ಹೆದ್ದಾರಿಯಿಂದ ಒಳಗೆ, ಹೆಂಚಿನ ಮಾಡಿನ ಹೋಟ್ಲು, ಬೋರ್ಡಿನ ಅಕ್ಷರ ಅಳಿಸಿಹೋಗಿದೆ. ಗಂಡ ಹೆಂಡತಿ ನಡೆಸುತ್ತಾರೆ, ನಾಲ್ಕೇ ಬೆಂಚು. ತೋರಿಸಿದ್ದು ನಮ್ಮ ಗೈಡ್. ನಮ್ಮ ಅವತಾರ ನೋಡಿ ಆಕೆ ಬಾಗಿಲಲ್ಲೇ "ಹ್ವಾಯ್, ಕಾಲ್ ತೊಳ್ಕಣಿ, ಅಲ್ಲ್ ನೀರಿತ್ತ್" ಅಂದರು. ಬಾಳೆ ಎಲೆ, ಕೆಂಪು ಕುಚ್ಚಲಕ್ಕಿ ಅನ್ನ, ಬಂಗುಡೆ ಸಾರು. ಆ ಸಾರಿನಲ್ಲಿ ಹುಳಿ ಮೊದಲು ಬರುತ್ತೆ, ಆಮೇಲೆ ಖಾರ, ಕೊನೆಗೆ ತೆಂಗಿನಕಾಯಿಯ ಸಿಹಿ. ಮಸಾಲೆಯನ್ನು ಆಕೆ ಹಿತ್ತಲ ಕಲ್ಲಿನಲ್ಲೇ ಅರೆಯುವುದನ್ನು ಕೈ ತೊಳೆಯಲು ಹೋದಾಗ ಕಂಡೆ. ಮರುವಾಯಿ ಸುಕ್ಕ, ಅಂದರೆ ಚಿಪ್ಪುಮೀನಿನ ಒಣ ಪಲ್ಯ, ಕೇಳದೆ ಬಡಿಸಿದರು. ಚಿಪ್ಪು ಒಂದೊಂದೇ ಎತ್ತಿ ಹೀರಬೇಕು, ಅವಸರದವರ ತಿಂಡಿ ಅಲ್ಲ. ನಾದಿನಿ ಸೋಮವಾರ ಮೀನು ಮುಟ್ಟಲ್ಲ. ಅವಳಿಗೆ ಬಿಸಿ ಗಂಜಿ, ತೊಂಡೆಕಾಯಿ ಪಲ್ಯ, ಮಿಡಿ ಉಪ್ಪಿನಕಾಯಿ, ಮೇಲೊಂದು ಚಮಚ ತುಪ್ಪ. ಎರಡು ಸಲ ಹಾಕಿಸಿಕೊಂಡಳು. ನಾದಿನಿಯ ಮಗನ ಮೂರನೇ ಅನ್ನಕ್ಕೂ ಲೆಕ್ಕ ಇಲ್ಲ. ಮೂವರಿಗೂ ಸೇರಿ ₹340. ನಾನು ₹500 ಕೊಟ್ಟು ಚಿಲ್ಲರೆ ಇರಲಿ ಅಂದೆ. ಯಜಮಾನರು ಚಿಲ್ಲರೆ ಎಣಿಸಿ ಕೈಗಿಟ್ಟು, ಊಟ ಹಿಡಿಸಿತಾ ಅಂತ ಕೇಳಿದರು.

ಎರಡೂವರೆ ಮೇಲೆ ಹೋದರೆ ಅಲ್ಲಿ ಏನೂ ಉಳಿದಿರಲ್ಲ. ಜೂನ್, ಜುಲೈನಲ್ಲಿ ಯಾಂತ್ರಿಕ ದೋಣಿಗಳಿಗೆ ಕಡಲಿಗಿಳಿಯಲು ನಿಷೇಧ, ಆಗ ಮೀನಿನ ರೇಟ್ ಕೇಳಬೇಡಿ.

ವಾಪಸ್ ಬಸ್ಸಿನಲ್ಲಿದ್ದಾಗ ಮೊದಲ ಜಾಗದವರಿಂದ ಮೆಸೇಜ್ ಬಂತು, ಐದು ಸ್ಟಾರ್ ಕೊಡಿ ಅಂತ. ನಾದಿನಿಯ ಮಗ ಫೋನ್ ಕಿತ್ತುಕೊಂಡು, ಮುಂದಿನ ಹುಣ್ಣಿಮೆ ದಿನ ಸಂಜೆ ಹತ್ತು ಜನ ಬರ್ತೀವಿ, ನೀರಿರುತ್ತಾ ಅಂತ ಕೇಳಿದ. ಅರ್ಧ ನಿಮಿಷದಲ್ಲಿ ಉತ್ತರ: "ಫುಲ್ ವಾಟರ್ ಮೇಡಂ, ವೆಲ್ಕಮ್."