ಬಸ್ಸಿನಲ್ಲಿ ಕೇಳಿದ್ದು

ಕಾಸರಗೋಡಿನಿಂದ ಮನೆಗೆ ಬರುವ ಬಸ್ಸಿನಲ್ಲಿ ಇವತ್ತು ಸ್ಮೋಕಿನ್ ಜೋ ನುಡಿಸಿದ ಹೌಸ್ ಎಂಬ ಕುಣಿತದ ಸಂಗೀತ ಕೇಳಿದೆ. ಇಂಗ್ಲೆಂಡಿನ ಡಿಜೆ. 1992ರಲ್ಲೇ 'ಡಿಜೆ ಮ್ಯಾಗ್' ಪತ್ರಿಕೆಯ ಪಟ್ಟಿಯಲ್ಲಿ ನಂಬರ್ ಒನ್ ಆದವರು. ಆ ಜಾಗಕ್ಕೆ ಬಂದ ಮೊದಲ ಹೆಂಗಸು.

ಹೌಸ್ ಹುಟ್ಟಿದ್ದು 1980ರ ದಶಕದ ಶಿಕಾಗೋದಲ್ಲಿ. ನಿಮಿಷಕ್ಕೆ ಸುಮಾರು 120 ಪೆಟ್ಟು. ಒಂದು ಹಾಡು ಮುಗಿಯುವ ಮೊದಲೇ ಇನ್ನೊಂದನ್ನು ಅದೇ ಲಯಕ್ಕೆ ಕೂಡಿಸಬೇಕು, ಕುಣಿಯುವವರ ಕಾಲು ನಿಲ್ಲಬಾರದು. ನಮ್ಮ ಯಕ್ಷಗಾನದಲ್ಲಿ ಪದ ಹಾಡುವ ಭಾಗವತರ ಕೆಲಸವೂ ಹೀಗೇ ಅಲ್ವಾ? ಜಾಗಟೆ ಹಿಡಿದು, ವೇಷದ ಹೆಜ್ಜೆ ನೋಡುತ್ತಾ ಇಡೀ ಆಟವನ್ನು ನಡೆಸುವುದು.

ಭಾಗವತರಾಗಿದ್ದ ಲೀಲಾವತಿ ಬೈಪಾಡಿತ್ತಾಯರ ನೆನಪಾಯಿತು. ನಮ್ಮ ಮಧೂರಿನಲ್ಲೇ ಹುಟ್ಟಿದವರು. ಗಂಡಸರೇ ತುಂಬಿದ್ದ ಮೇಳಗಳಲ್ಲಿ ಕೂತು ಪದ ಹೇಳಿದರು. ಅಮ್ಮನಿಗೆ ಅವರ ಸ್ವರ ಅಂದರೆ ಪ್ರಾಣ.

ಇವತ್ತು ರಾತ್ರಿ ಅಮ್ಮನ ಕಿವಿಗೆ ಹೆಡ್‌ಫೋನ್ ಇಟ್ಟು ಜೋ ಅವರನ್ನೂ ಕೇಳಿಸುತ್ತೇನೆ.